ಮೊದಲು ನಿಮ್ಮ ಸುದ್ದಿ ಹೇಳಿ

ಧ್ವನಿಮುದ್ರಣದ ಕೆಲಸ ಮಾಡುವ ನಮ್ಮಂಥವರಿಗೆ ಲೋಕದ ಎಲ್ಲ ಕಡೆ ಒಂದೇ ಚಟ. ಎದುರಿಗಿರುವವರ ಅಂಗಿಗೆ ಮೈಕ್ ಸಿಕ್ಕಿಸಿದ ಕೂಡಲೇ "ಬೆಳಿಗ್ಗೆ ಏನು ತಿಂದಿರಿ?" ಎಂದು ಕೇಳುತ್ತೇವೆ. ಅವರ ತಿಂಡಿಯ ಚಿಂತೆ ನಮಗೆ ಎಳ್ಳಷ್ಟೂ ಇರುವುದಿಲ್ಲ. ಅವರು ಇಡ್ಲಿಯನ್ನೋ ಬ್ರೆಡ್ಡನ್ನೋ ಬಣ್ಣಿಸುತ್ತಿರುವಾಗ ನಾವು ಮೀಟರ್ ನೋಡುತ್ತ, ದನಿ ಎಷ್ಟು ಏರುತ್ತದೆ ಎಷ್ಟು ಇಳಿಯುತ್ತದೆ ಎಂದು ಗುಂಡಿ ತಿರುಗಿಸುತ್ತಿರುತ್ತೇವೆ. ಮಸ್ಕತ್‌ನಿಂದ ದೂರದ ಇಬ್ರಿ ಪೇಟೆಯ ಹತ್ತಿರದ ಒಂದು ಹಳ್ಳಿಯಲ್ಲಿ ಬ್ರಿಟಿಷ್ ನಿರ್ದೇಶಕಿಯೊಬ್ಬರ ಸಾಕ್ಷ್ಯಚಿತ್ರ ಮುಳುಗುವುದರಲ್ಲಿತ್ತು. ಅದನ್ನು ಮೇಲಕ್ಕೆತ್ತಿದ್ದು ಈ ಪೊಳ್ಳು ಪ್ರಶ್ನೆ.

ಎರಡು ಸಾವಿರದ ಇಸವಿ ದಾಟಿ ಕೆಲವು ವರ್ಷಗಳಾಗಿದ್ದವು. ನಾನು ಮಸ್ಕತ್‌ನ ಒಂದು ಸಣ್ಣ ಸೌಂಡ್ ಕಂಪನಿಯಲ್ಲಿದ್ದೆ. ಹೋಟೆಲಿನ ಮದುವೆಗಳಿಗೆ, ಸಮ್ಮೇಳನಗಳಿಗೆ ಸ್ಪೀಕರ್ ಕಟ್ಟುವುದು ನಮ್ಮ ದಂಧೆ. ಅಂದರೆ ಗದ್ದಲ ಮಾಡುವುದೇ ನನ್ನ ಹೊಟ್ಟೆಪಾಡು. ಒಂದು ದಿನ ನಮ್ಮ ಕಫೀಲ್, ಅಂದರೆ ನಮ್ಮ ವೀಸಾಕ್ಕೆ ಹೊಣೆಯಾದ ಅಲ್ಲಿನ ಮಾಲೀಕರು, ಕರೆದು, ಲಂಡನ್ನಿನಿಂದ ಒಂದು ಚಿಕ್ಕ ತಂಡ ಬಂದಿದೆ, ಅವರ ಧ್ವನಿಮುದ್ರಕ ಕಾಯಿಲೆ ಬಿದ್ದು ವಿಮಾನ ಹತ್ತಲಿಲ್ಲ, ನೀನು ಹೋಗು ಎಂದರು. ನಾನು ಕುಣಿಯುತ್ತ ಒಪ್ಪಿಕೊಂಡೆ. ಗೋಡೆ ನಡುಗಿಸುವ ಸ್ಪೀಕರುಗಳ ನಡುವೆ ವರ್ಷಗಟ್ಟಲೆ ಕಳೆದವನಿಗೆ ಹಕ್ಕಿಯ ಸದ್ದು ಹಿಡಿಯುವ ಕೆಲಸವೆಂದರೆ ರಜೆ ಸಿಕ್ಕಿದಂತೆಯೇ.

ನಿರ್ದೇಶಕಿಗೆ ಅರವತ್ತು ದಾಟಿತ್ತು. ಕತ್ತರಿಸಿದ ಬಿಳಿಗೂದಲು, ಮರಳು ತುಂಬಿದ ಬೂಟು, ದೊಡ್ಡ ನಗು. ಅವರ ಜೊತೆ ಲಂಡನ್ನಿನಿಂದ ಬಂದವನು ಒಬ್ಬನೇ, ಉದ್ದನೆಯ ಕ್ಯಾಮೆರಾಮನ್. ಅವನು ದಿನಕ್ಕೆ ನಾಲ್ಕು ಮಾತಾಡಿದರೆ ಹೆಚ್ಚು. ಕಾರು ಓಡಿಸಲು ಮತ್ತು ಅರಬ್ಬಿ ಅನುವಾದಕ್ಕೆ ನಮ್ಮ ಮಂಗಳೂರು ಕಡೆಯ ಒಬ್ಬ ಬ್ಯಾರಿ ಸಿಕ್ಕಿದ್ದ. ಗಡಿಯ ಪೇಟೆಯಾದ ಬುರೈಮಿಯ ಅಂಗಡಿಗಳಲ್ಲಿ ಅರ್ಧ ಆಯುಸ್ಸು ಕಳೆದ ಮನುಷ್ಯ, ಅರಬ್ಬಿಯನ್ನು ನೀರು ಕುಡಿದಷ್ಟು ಸಲೀಸಾಗಿ ಮಾತಾಡುತ್ತಿದ್ದ. ನನ್ನ ಧಾರವಾಡದ ಕನ್ನಡ ಕೇಳಿದರೆ ಅವನಿಗೆ ನಗು, ಅವನದು ಕೇಳಿದರೆ ನನಗೆ.

ಮಸ್ಕತ್‌ನಿಂದ ಇಬ್ರಿಗೆ ಹೋಗುವ ದಾರಿಯಲ್ಲೇ ನಿರ್ದೇಶಕಿ ತಮ್ಮ ಕೆಲಸದ ರೀತಿ ವಿವರಿಸಿದರು. ಗಣಿ ಕಾರ್ಮಿಕರು, ಮೀನುಗಾರರು, ಆಸ್ಪತ್ರೆಯ ದಾದಿಯರು ಎಂದು ಹಲವು ಚಿತ್ರ ಮಾಡಿದ್ದರಂತೆ. ಯಾವುದರಲ್ಲೂ ಅವರ ಮುಖವಿಲ್ಲ, ದನಿಯಿಲ್ಲ, ಒಂದು ಪ್ರಶ್ನೆಯೂ ಇಲ್ಲ.

"ನಾನು ಸುಮ್ಮನೆ ಕೂರುತ್ತೇನೆ, ಅಷ್ಟೇ. ಮೌನವನ್ನು ಯಾರೂ ಬಹಳ ಹೊತ್ತು ತಡೆಯಲಾರರು. ಅದನ್ನು ತುಂಬಲು ಅವರೇ ಮಾತಾಡುತ್ತಾರೆ. ಹಾಗೆ ಬಂದ ಮಾತು ನಿಜವಾಗಿರುತ್ತದೆ" ಎಂದರು.

ಆಮೇಲೆ ನಗುತ್ತಲೇ ಇನ್ನೊಂದು ಮಾತು ಹೇಳಿದರು. ಲಂಡನ್ನಿನ ಚಾನೆಲ್‌ಗೆ ಈಗ ಇಂಥ ಚಿತ್ರ ಬೇಡವಾಗಿದೆ. ತೆರೆಯ ಮೇಲೆ ಒಬ್ಬ ಚೆಲುವ ನಿಂತು ಕೈ ಬೀಸುತ್ತ ವಿವರಿಸಬೇಕು. ಹಾಗೂ ಹೀಗೂ ಒಪ್ಪಿಸಿ ಬಂದಿದ್ದಾರೆ. "ಇದು ಕೈ ತಪ್ಪಿದರೆ ನನಗೆ ಇನ್ನೊಂದು ಚಿತ್ರ ಸಿಗುವುದಿಲ್ಲ. ಮನೆಗೆ ಹೋಗಿ ಗುಲಾಬಿ ಗಿಡ ಕತ್ತರಿಸುತ್ತ ಕೂರಬೇಕು. ನನಗೆ ಗುಲಾಬಿ ಕಂಡರಾಗದು."

ಚಿತ್ರದ ವಿಷಯ ಒಂದು ಫಲಜ್. ಬೆಟ್ಟದ ಬುಡದ ನೀರನ್ನು ನೆಲದೊಳಗಿನ ಸುರಂಗದಲ್ಲಿ ತಂದು ಊರಿನ ಖರ್ಜೂರದ ತೋಟಗಳಿಗೆ ಹರಿಸುವ ಹಳೆಯ ಕಾಲುವೆಗೆ ಅಲ್ಲಿ ಹಾಗೆನ್ನುತ್ತಾರೆ. ಆ ಹಳ್ಳಿಯ ಫಲಜ್ ಒಂದು ಕಾಲಕ್ಕೆ ಸುರಂಗ ಕುಸಿದು ಬತ್ತಿ ಹೋಗಿತ್ತು. ಊರು ಖಾಲಿಯಾಗುವ ಹೊತ್ತಿಗೆ ಅಣ್ಣ ತಮ್ಮ ಇಬ್ಬರು ಕೆಳಗಿಳಿದು ನೀರನ್ನು ಮರಳಿ ತಂದರು. ಅಣ್ಣ ತೀರಿಕೊಂಡಿದ್ದ. ತಮ್ಮ ಈಗ ಊರಿನ ಹಿರಿಯ. ಆ ಕಥೆಯನ್ನು ಆತ ತನ್ನ ಬಾಯಿಂದ ಹೇಳಬೇಕು, ಆಗ ಮಾತ್ರ ಚಿತ್ರ ಎಂದು ಚಾನೆಲ್ ಷರತ್ತು ಹಾಕಿತ್ತು. ಚಿತ್ರ ತೆಗೆಯಲು ಹಿರಿಯರು ಮೊದಲೇ ಒಪ್ಪಿದ್ದರು. ಹಾಗಾಗಿ ಕಷ್ಟವೇನಿದೆ ಎಂದುಕೊಂಡೇ ಹೋದೆವು.

ಮೊದಲ ದಿನ ಹಿರಿಯರ ಮನೆಯ ಮಜ್ಲಿಸ್‌ನಲ್ಲಿ, ಅಂದರೆ ಅತಿಥಿಗಳನ್ನು ಕೂರಿಸುವ ಹೊರಕೋಣೆಯಲ್ಲಿ, ಎಲ್ಲ ಅಣಿ ಮಾಡಿದೆ. ಎಸಿ ನಿಲ್ಲಿಸಿದೆ. ಮೂಲೆಯಲ್ಲಿದ್ದ ಫ್ರಿಜ್ಜಿನ ಗುಂಯ್ ಸದ್ದು ಮೈಕಿಗೆ ಬರುತ್ತದೆಂದು ಅದನ್ನೂ ನಿಲ್ಲಿಸಿದೆ. ಫ್ರಿಜ್ ನಿಲ್ಲಿಸಿದರೆ ನಮ್ಮ ಕಸುಬಿನಲ್ಲಿ ಒಂದು ನೇಮವಿದೆ: ಕಾರಿನ ಕೀಲಿಯನ್ನು ಅದರೊಳಗೆ ಇಡಬೇಕು. ಹೋಗುವಾಗ ಕೀಲಿ ಹುಡುಕುತ್ತ ಫ್ರಿಜ್ ತೆರೆಯುತ್ತೇವೆ, ತೆರೆದಾಗ ಮತ್ತೆ ಚಾಲೂ ಮಾಡಲು ನೆನಪಾಗುತ್ತದೆ. ಇಲ್ಲದಿದ್ದರೆ ಆತಿಥ್ಯ ಕೊಟ್ಟವರ ಹಾಲು ಮೊಸರು ಹಾಳು. ಆದರೆ ಇದನ್ನು ಡ್ರೈವರ್‌ಗೆ ಹೇಳುವುದು ನನಗೆ ಮರೆತುಹೋಯಿತು. ನಾನು ಹಿರಿಯರ ಬಿಳಿ ನಿಲುವಂಗಿ ದಿಶ್ದಾಶಾದ ಕೊರಳಿಗೆ ಮೈಕ್ ಸಿಕ್ಕಿಸುತ್ತಿದ್ದಾಗ ಅವನು ಅಂಗಳವನ್ನೆಲ್ಲ ಜಾಲಾಡುತ್ತಿದ್ದ.

"ಕೀ ಎಲ್ಲಿ ಮಾರಾಯ್ರೇ? ಈಗ ಇಲ್ಲೇ ಇಟ್ಟದ್ದು ನಾನು!"

"ಫ್ರಿಜ್ಜಿನ್ಯಾಗ ಐತಿ."

"ಎಂತ? ಫ್ರಿಜ್ಜಲ್ಲಿಯಾ? ನಿಮಗೆ ತಲೆ ಸರಿ ಉಂಟಾ?"

ಫ್ರಿಜ್ ಎಂಬ ಪದವೊಂದನ್ನೇ ಹಿಡಿದು ಹಿರಿಯರು ನಕ್ಕರು. ಅವರಿಗೆ ಕನ್ನಡ ಬಾರದು, ಹಿಂದಿ ಬರುತ್ತಿತ್ತು. ಯೌವನದಲ್ಲಿ ಕುವೈತ್‌ನಲ್ಲಿ ದುಡಿಯುವಾಗ ಹಿಂದಿಯವರ ಜೊತೆ ಕಲಿತದ್ದಂತೆ. ನಾನು ಎಂದಿನಂತೆ ತಿಂಡಿಯ ಪ್ರಶ್ನೆ ಕೇಳಿ, ಮೀಟರ್ ನೋಡುತ್ತ ಹೂಂ ಹೂಂ ಎಂದು ದನಿಯ ಮಟ್ಟ ಸರಿ ಮಾಡಿಕೊಂಡೆ. ನಿರ್ದೇಶಕಿ ಎದುರಿಗೆ ಚಕ್ಕಳಮಕ್ಕಳ ಹಾಕಿ ಕುಳಿತರು. "ಸೈಲೆನ್ಸ್ ಪ್ಲೀಸ್" ಎಂದರು. ಕ್ಯಾಮೆರಾ ಚಾಲೂ ಆಯಿತು.

ನಿರ್ದೇಶಕಿ ಸುಮ್ಮನಿದ್ದರು. ಹಿರಿಯರೂ ಸುಮ್ಮನಿದ್ದರು. ಹತ್ತು ಉಸಿರು ಎಣಿಸುವಷ್ಟರಲ್ಲಿ ಹಿರಿಯರು, "ಹೇಗಿದ್ದೀರಿ?" ಎಂದರು.

ಡ್ರೈವರ್ ಅನುವಾದಿಸಿದ. ನಿರ್ದೇಶಕಿ ನಕ್ಕು ತಲೆಯಾಡಿಸಿದರು. ಚೆನ್ನಾಗಿದ್ದೇವೆ ಎಂದು ಡ್ರೈವರ್ ಉತ್ತರಿಸಿದ. ಮತ್ತೆ ಮೌನ.

"ಸುದ್ದಿ ಏನು?"

"ಸುದ್ದಿ ಏನೂ ಇಲ್ಲ, ಎಲ್ಲ ಒಳ್ಳೆಯದೇ" ಎಂದ ಡ್ರೈವರ್.

ಮೌನ. ಹಿರಿಯರು ಕಾಫಿ ಬಗ್ಗಿಸಿದರು. ಕುಡಿದರೆ ಸದ್ದಾಗುತ್ತದೆ, ಚಿತ್ರೀಕರಣದಲ್ಲಿ ಯಾರೂ ಕುಡಿಯಬಾರದು ಎಂದು ನಾನೇ ಕಟ್ಟಪ್ಪಣೆ ಮಾಡಿದ್ದೆ. ಪುಟ್ಟ ಬಟ್ಟಲುಗಳು ನಮ್ಮ ಮುಂದೆ ಸಾಲಾಗಿ ತಣ್ಣಗಾದವು.

"ಮನೆಯಲ್ಲಿ ಎಲ್ಲ ಕ್ಷೇಮವೇ? ದಾರಿ ಹೇಗಿತ್ತು? ಹೇಗಿದ್ದೀರಿ?"

ಇದೇ ಚಕ್ರ ಮಧ್ಯಾಹ್ನದ ಪ್ರಾರ್ಥನೆಯ ಕರೆ ಬರುವವರೆಗೆ ತಿರುಗಿತು. ನಿರ್ದೇಶಕಿಯ ಮೌನ ಗಟ್ಟಿಯಾದಷ್ಟೂ ಹಿರಿಯರ ಕುಶಲಪ್ರಶ್ನೆ ಹೆಚ್ಚಾಯಿತು. ಕೊನೆಗೆ ನಾನು ಕೋಣೆಯ ನಿಶ್ಶಬ್ದ ಹಿಡಿಯಬೇಕೆಂದು ಎಲ್ಲರನ್ನೂ ಒಂದು ನಿಮಿಷ ಸುಮ್ಮನಿರಲು ಕೇಳಿದೆ. ಪ್ರತಿ ಕೋಣೆಗೂ ತನ್ನದೇ ಒಂದು ಸದ್ದಿರುತ್ತದೆ. ಸಂಕಲನದಲ್ಲಿ ಮಾತು ಕತ್ತರಿಸಿದ ಜಾಗಕ್ಕೆ ತೇಪೆ ಹಾಕಲು ಆ ಸದ್ದು ಬೇಕೇ ಬೇಕು. ಒಂದು ನಿಮಿಷ ಬಿಡಿ, ಅರ್ಧ ನಿಮಿಷವೂ ಆಗಿರಲಿಲ್ಲ, ಹೆಡ್‌ಫೋನಿನಲ್ಲಿ ದನಿ ಬಂತು: "ಹೇಗಿದ್ದೀರಿ?" ಅತಿಥಿಗಳು ಬಾಯಿ ಮುಚ್ಚಿಕೊಂಡು ಕೂತಿರುವುದನ್ನು ನೋಡುತ್ತ ಸುಮ್ಮನಿರಲು ಅವರಿಂದ ಆಗುತ್ತಲೇ ಇರಲಿಲ್ಲ.

ಮರುದಿನ ತೋಟಕ್ಕೆ ಹೋದೆವು. ಬಯಲಿನಲ್ಲಾದರೂ ಮನುಷ್ಯ ಬಾಯಿ ಬಿಡಬಹುದೆಂಬ ಆಸೆ. ಪಕ್ಕದ ತೋಟದ ಡೀಸೆಲ್ ಪಂಪು ಢಗ ಢಗ ಎನ್ನುತ್ತಿತ್ತು. ಅದನ್ನು ನಿಲ್ಲಿಸಿ ಬರುವಷ್ಟರಲ್ಲಿ ಗಾಳಿ ಎದ್ದಿತು. ಮೈಕಿಗೆ ತುಪ್ಪಳದ ಚೀಲ ತೊಡಿಸಿದೆ. ಹಿರಿಯರ ಆಡೊಂದು ಅದನ್ನು ತನ್ನ ಮರಿಯೆಂದುಕೊಂಡಿತೋ ಏನೋ, ಮೈಕ್ ಕಟ್ಟಿದ ಕೋಲಿನ ಹಿಂದೆಯೇ ಬ್ಯಾ ಬ್ಯಾ ಎಂದು ಓಡಾಡಿತು. ಅದರ ಮರುದಿನ ನೀರಿನ ಅಂಚಿನಲ್ಲಿ ಕೂರಿಸಿ ನೋಡಿದೆವು. ನೀರು ಚೆನ್ನಾಗಿ ಸದ್ದು ಮಾಡಿತು. ಹಿರಿಯರು ಎಂದಿನಂತೆ, "ಸುದ್ದಿ ಏನು?" ಎಂದರು.

ಚಿತ್ರಗಳೇನೋ ಅದ್ಭುತವಾಗಿ ಬಂದವು. ಬೆಳಗಿನ ಬಿಸಿಲಿಗೆ ಹೊಳೆಯುವ ಕಾಲುವೆ, ಹೆಂಗಸರು ತೊಳೆದಿಟ್ಟ ಪಾತ್ರೆ, ಮಣ್ಣಿನ ಒಡ್ಡು ತೆಗೆದು ನೀರನ್ನು ಒಂದು ತೋಟದಿಂದ ಇನ್ನೊಂದಕ್ಕೆ ತಿರುಗಿಸುವ ಕೈಗಳು. ಕಥೆ ಮಾತ್ರ ಇಲ್ಲ. ವಾರಾಂತ್ಯಕ್ಕೆ ಮುಂಚೆ ಲಂಡನ್ನಿನಿಂದ ಫೋನ್ ಬಂತು. ನಿರ್ದೇಶಕಿ ಇಬ್ರಿಯ ಪೇಟೆ ಬೀದಿಯಲ್ಲಿ ಕಾರಿಗೆ ಒರಗಿ ಮಾತಾಡಿದರು. ಫೋನ್ ಇಟ್ಟವರೇ ಕಾರಿನ ಚಕ್ರಕ್ಕೆ ಒಂದು ಒದೆ ಕೊಟ್ಟರು.

"ಬರುವ ವಾರದೊಳಗೆ ಹಿರಿಯರ ಮಾತು ಬರದಿದ್ದರೆ ಒಬ್ಬ ನಿರೂಪಕನನ್ನು ಕಳಿಸುತ್ತಾರಂತೆ. ಅಡುಗೆ ಕಾರ್ಯಕ್ರಮ ಮಾಡುವ ಹುಡುಗ. ಅವನು ಫಲಜ್‌ನಲ್ಲಿ ಕಾಲು ಇಳಿಬಿಟ್ಟು ಅಣ್ಣ ತಮ್ಮಂದಿರ ಕಥೆ ತಾನೇ ಹೇಳುತ್ತಾನಂತೆ. ನಾನು ಬೇಕಿದ್ದರೆ ಅವನ ಶಾಟ್ ತೆಗೆದುಕೊಡಬಹುದು" ಎಂದರು. ಎಂದಿನಂತೆ ನಗಲು ನೋಡಿದರು, ಆಗಲಿಲ್ಲ. ಆಕೆಯನ್ನು ನಾನು ಅಷ್ಟರಲ್ಲೇ ಬಹಳ ಹಚ್ಚಿಕೊಂಡಿದ್ದೆ.

ವಾರದ ರಜೆಗೆ ಮಸ್ಕತ್‌ನ ಅಲ್ ಖೌದ್ ಬಡಾವಣೆಯ ನಮ್ಮ ಫ್ಲ್ಯಾಟಿಗೆ ಬಂದೆ. ಊಟಕ್ಕೆ ಕೂತಾಗ ಹೆಂಡತಿಗೂ ಮಗಳಿಗೂ ಎಲ್ಲ ಹೇಳಿದೆ. ಹೆಂಡತಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ನನ್ನನ್ನೇ ನೋಡಿದಳು.

"ಅಲ್ರೀ, ಮಂದಿ ಮನಿಗೆ ಹೋಗಿ ಬಾಯಿಗೆ ಬೀಗ ಹಾಕ್ಕೊಂಡು ಕುಂತ್ರ ಅವ್ರರ ಏನ್ ಮಾತಾಡಬೇಕು? ಕೊಟ್ಟ ಕಾಫಿನೂ ಕುಡಿಯಂಗಿಲ್ಲ ಅಂತೀರಿ. ಅವ್ರ ಫ್ರಿಜ್ ಬ್ಯಾರೆ ಬಂದ್ ಮಾಡೀರಿ!"

"ಅಪ್ಪಾ, ದಟ್ಸ್ ಸೋ ರೂಡ್" ಎಂದಳು ಮಗಳು.

"ಇದು ಸಿನಿಮಾ, ಬೀಗರ ಮನಿ ಅಲ್ಲ" ಎಂದು ನಾನು ಗತ್ತಿನಿಂದ ಹೇಳಿ ಎದ್ದೆ.

ಗತ್ತು ಬಹಳ ಹೊತ್ತು ಉಳಿಯಲಿಲ್ಲ. ಅಂದು ಸಂಜೆ ಹೆಡ್‌ಫೋನ್ ಹಾಕಿಕೊಂಡು ವಾರದ ಧ್ವನಿಯನ್ನೆಲ್ಲ ಮೊದಲಿನಿಂದ ಕೇಳತೊಡಗಿದೆ. ನನ್ನ ಅಭ್ಯಾಸ ಏನೆಂದರೆ ಮೈಕ್ ಸಿಕ್ಕಿಸಿದ ಕೂಡಲೇ ರೆಕಾರ್ಡರ್ ಚಾಲೂ ಮಾಡುವುದು. ಕ್ಯಾಮೆರಾಕ್ಕಿಂತ ನನ್ನ ಯಂತ್ರ ಬಹಳ ಮೊದಲೇ ಓಡುತ್ತಿರುತ್ತದೆ. ಮೊದಲ ದಿನದ ಆರಂಭದಲ್ಲಿ ಡ್ರೈವರ್ ಕೀಲಿಗಾಗಿ ಕೂಗಾಡುವುದು, ಆಮೇಲೆ ನನ್ನ ತಿಂಡಿಯ ಪ್ರಶ್ನೆ. ಹಿರಿಯರು ತಮ್ಮ ಹಿಂದಿಯಲ್ಲಿ, ತೆಳು ರೊಟ್ಟಿ ಜೇನುತುಪ್ಪ ತಿಂದೆ, ನೀನೇನು ತಿಂದೆ ಎಂದು ಕೇಳಿದ್ದರು. ನಾನು ಗುಂಡಿ ತಿರುಗಿಸುತ್ತಲೇ, ನಮ್ಮ ಕಡೆ ಜೋಳದ ರೊಟ್ಟಿ, ಇಲ್ಲಿ ಹೋಟೆಲಿನ ಪರಾಠ ಎಂದಿದ್ದೆ. ನಿಮ್ಮ ಕಡೆ ಮಳೆ ಹೇಗೆ ಎಂದು ಕೇಳಿದ್ದರು. ಮಳೆ ಕಡಿಮೆ, ಕಾಲುವೆ ನೀರು, ನಮ್ಮಪ್ಪ ಕಾಲುವೆ ಇಲಾಖೆಯಲ್ಲೇ ಇದ್ದರು ಎಂದಿದ್ದೆ. ಆಗ ಅವರ ದನಿ ಬದಲಾಗಿತ್ತು.

"ಕಾಲುವೆಯವರ ಮಗನೇ? ಹಾಗಾದರೆ ನಿನಗೆ ತಿಳಿಯುತ್ತದೆ. ನಮ್ಮಣ್ಣನೂ ಜೇನು ರೊಟ್ಟಿ ತಿಂದೇ ಆ ದಿನ ಸುರಂಗಕ್ಕೆ ಇಳಿದದ್ದು. ಕೆಳಗೆ ಹೋಗಿ ಗೋಡೆಗೆ ಕಿವಿ ಇಟ್ಟ..."

ಅಷ್ಟರಲ್ಲಿ ಧ್ವನಿಮುದ್ರಣದಲ್ಲಿ ನಿರ್ದೇಶಕಿಯ ದನಿ: "ಸೈಲೆನ್ಸ್ ಪ್ಲೀಸ್." ಹಿರಿಯರು ಮಾತು ನಿಲ್ಲಿಸಿದ್ದರು.

ನಾನು ಹೆಡ್‌ಫೋನ್ ಕಿತ್ತು ಹೆಂಡತಿಯನ್ನು ಕೂಗಿದೆ. ಇಡೀ ವಾರ ನಾವು ಬೇಡಿಕೊಂಡ ಕಥೆ ನನ್ನ ಕಿವಿಯಲ್ಲೇ ಶುರುವಾಗಿತ್ತು, ನಾನು ಮೀಟರ್ ನೋಡುತ್ತಿದ್ದೆ! ಉಳಿದ ದಿನಗಳದ್ದೂ ಹಾಕಿ ಕೇಳಿದೆ. ಪ್ರತಿ ದಿನವೂ ಅದೇ. ತಿಂಡಿಯಿಂದ ಶುರುವಾಗಿ ಆಡು, ಮೊಮ್ಮಕ್ಕಳು, ಕುವೈತ್, ಅಣ್ಣ. ಕ್ಯಾಮೆರಾ ಚಾಲೂ ಆದ ಕೂಡಲೇ ಬಾಗಿಲು ಮುಚ್ಚಿದಂತೆ ನಿಂತು ಹೋಗುತ್ತಿತ್ತು.

"ನಾ ಹೇಳಿದ್ದು ಕೇಳ್ಲಿಲ್ಲ" ಎಂದಳು ಹೆಂಡತಿ. ಆ ಸಂತೋಷದಲ್ಲಿ ರಾತ್ರಿ ಊಟಕ್ಕೆ ನನಗೆ ಒಂದು ರೊಟ್ಟಿ ಹೆಚ್ಚು ಹಾಕಿದಳು.

ಇಬ್ರಿಗೆ ವಾಪಸಾದ ಬೆಳಿಗ್ಗೆ ಕಾರು ನಿಲ್ಲಿಸಿ ನಿರ್ದೇಶಕಿಗೆ ಅದನ್ನು ಕೇಳಿಸಿದೆ, ಒಂದೊಂದು ವಾಕ್ಯವನ್ನೂ ಇಂಗ್ಲಿಷಿಗೆ ತಂದು ಹೇಳಿದೆ. ಕ್ಯಾಮೆರಾಮನ್ ಅಂದು ತನ್ನ ನಾಲ್ಕು ಮಾತುಗಳನ್ನೂ ಒಮ್ಮೆಗೇ ಖರ್ಚು ಮಾಡಿದ: ಈ ಧ್ವನಿಯನ್ನು ನೀರಿನ ಚಿತ್ರಗಳ ಮೇಲೆ ಹಾಕಿಬಿಡೋಣ, ಕಥೆ ಪೂರ್ತಿಯಿಲ್ಲದಿದ್ದರೂ ಚಾನೆಲ್‌ಗೆ ಸಾಕು, ನಿರೂಪಕ ಬೇಕಾಗುವುದಿಲ್ಲ. ನನಗೂ ಸರಿಯೆನ್ನಿಸಿತು. ನಿರ್ದೇಶಕಿ ಮಾತ್ರ ತಲೆ ಅಲ್ಲಾಡಿಸಿದರು.

"ಅವರು ಇದನ್ನು ಹೇಳಿದ್ದು ಇವನಿಗೆ. ನನಗಲ್ಲ, ಕ್ಯಾಮೆರಾಕ್ಕೂ ಅಲ್ಲ. ಕದ್ದು ಹಾಕುವುದಿಲ್ಲ." ಆಮೇಲೆ ಡ್ರೈವರ್ ಕಡೆ ತಿರುಗಿ ಕೇಳಿದರು, "ಇವನಿಗೆ ಯಾಕೆ ಹೇಳಿದರು? ನನಗೇಕೆ ಹೇಳುವುದಿಲ್ಲ?"

ಡ್ರೈವರ್ ಸ್ಟೀರಿಂಗ್ ಮೇಲೆ ಕೈಯಿಟ್ಟು ಯೋಚಿಸಿದ. ಇದ್ದಕ್ಕಿದ್ದಂತೆ ಹಣೆ ಚಚ್ಚಿಕೊಂಡು ನನ್ನತ್ತ ತಿರುಗಿದ.

"ಅಯ್ಯೋ ಮಾರಾಯ್ರೇ, ಎಂತ ಕೆಲಸ ಮಾಡಿದೆ ನಾನು! ಇವರಲ್ಲಿ ಉಲೂಮ್ ಅಂತ ಉಂಟು. ಸುದ್ದಿ ಹೇಳುವುದು. ಬಂದವರು ಮೊದಲು ತಮ್ಮ ಸುದ್ದಿ ಹೇಳಬೇಕು. ಎಲ್ಲಿಂದ ಬಂದದ್ದು, ಮಳೆ ಹೇಗೆ, ಮನೆಯವರು ಹೇಗೆ, ಎಲ್ಲ. ಮತ್ತೆಯೇ ಮನೆಯವರು ಅವರದ್ದು ಹೇಳ್ತಾರೆ. ಬುರೈಮಿ ಅಂಗಡಿಯಲ್ಲಿ ಅದೆಲ್ಲ ಒಂದು ಮಾತಿನಲ್ಲಿ ಮುಗೀತದೆ. ಸುದ್ದಿ ಏನೂ ಇಲ್ಲ ಅಂತ ಹೇಳಿದ್ರೆ ಖಲಾಸ್, ಯಾಪಾರ ಶುರು. ಇಲ್ಲಿ ಒಳಗಿನ ಊರಲ್ಲಿ ಅದು ಬರೀ ಬಾಗಿಲು. ಸುದ್ದಿ ಇಲ್ಲ ಅಂತ ಹೇಳಿ, ಕೂತು, ಕಾಫಿ ಕುಡಿದು, ಮತ್ತೆ ನಿಜವಾದ ಸುದ್ದಿ ಹೇಳ್ಲಿಕ್ಕೆ ಉಂಟು. ಅವರು ದಿನಾ ಕೇಳಿದ್ದು ಅದನ್ನೇ. ನಾನು ದಿನಾ ಇಲ್ಲ ಇಲ್ಲ ಅಂತ ಹೇಳಿದ್ದು!"

ಇದನ್ನೇ ಅವನು ಇಂಗ್ಲಿಷಿನಲ್ಲಿ ನಿರ್ದೇಶಕಿಗೆ ಹೇಳಿದ. ಆಕೆಯ ಕಷ್ಟ ಏನೆಂದು ನನಗೆ ಅರ್ಥವಾಗುತ್ತಿತ್ತು. ಸುದ್ದಿ ಹೇಳಬೇಕೆಂದರೆ ಆಕೆಯೇ ಮಾತಾಡಬೇಕು. ಆಕೆ ಮಾತಾಡಿದರೆ ಹಿರಿಯರ ಮಾತು ಅದಕ್ಕೆ ಉತ್ತರವಾಗಿ ಬರುತ್ತದೆ, ಆಗ ಆಕೆಯ ದನಿಯನ್ನು ಚಿತ್ರದಿಂದ ಕತ್ತರಿಸಲು ಆಗುವುದಿಲ್ಲ. ಇಡೀ ಬದುಕು ತನ್ನ ದನಿ ಇಲ್ಲದ ಚಿತ್ರ ಮಾಡಿ ಹೆಸರು ಗಳಿಸಿದವರು ಅವರು. ನಿರೂಪಕನನ್ನು ಬೇಡವೆಂದು ಲಂಡನ್ನಿನ ಜೊತೆ ಜಗಳವಾಡುತ್ತಿರುವುದೂ ಅದಕ್ಕಾಗಿಯೇ.

ಕಾರಿನಿಂದಿಳಿದು ಕಾಲುವೆಯ ಗುಂಟ ಒಬ್ಬರೇ ನಡೆದು ಹೋದರು. ನಾವು ಮೂವರು ಕಡಲೆಕಾಯಿ ತಿನ್ನುತ್ತ ಕಾದೆವು. ತಿರುಗಿ ಬಂದಾಗ ಬೂಟು ಒದ್ದೆಯಾಗಿತ್ತು.

"ನನಗೂ ಒಂದು ಮೈಕ್ ಸಿಕ್ಕಿಸು" ಎಂದರು.

ಮಜ್ಲಿಸ್‌ನಲ್ಲಿ ಅವರ ಕೊರಳಪಟ್ಟಿಗೆ ಮೈಕ್ ಸಿಕ್ಕಿಸಿದೆ. "ಬೆಳಿಗ್ಗೆ ಏನು ತಿಂದಿರಿ?" ಎಂದು ಕೇಳಿದೆ. "ಏನೂ ಗಂಟಲಲ್ಲಿ ಇಳಿಯಲಿಲ್ಲ" ಎಂದರು. ಅಂದು ನಾನು ಎಸಿ ಮಾತ್ರ ನಿಲ್ಲಿಸಿದೆ. ಫ್ರಿಜ್ ಗುಂಯ್ ಎನ್ನಲಿ, ಬಟ್ಟಲು ಠಣ್ ಎನ್ನಲಿ, ಎಲ್ಲರೂ ಕಾಫಿ ಕುಡಿಯಲಿ ಎಂದು ಬಿಟ್ಟುಬಿಟ್ಟೆ. ಯಾರೂ ಸೈಲೆನ್ಸ್ ಎನ್ನಲಿಲ್ಲ. ಕ್ಯಾಮೆರಾಮನ್ ಯಾವಾಗ ಗುಂಡಿ ಒತ್ತಿದನೋ ನನಗೇ ತಿಳಿಯಲಿಲ್ಲ.

"ಸುದ್ದಿ ಏನು?" ಎಂದರು ಹಿರಿಯರು.

"ಸುದ್ದಿ ಏನೂ ಇಲ್ಲ, ಎಲ್ಲ ಒಳ್ಳೆಯದೇ" ಎಂದು ನಿರ್ದೇಶಕಿ ಡ್ರೈವರ್ ಕಲಿಸಿದ ಅರಬ್ಬಿಯಲ್ಲಿ ಹೇಳಿದರು. ಹಿರಿಯರ ಹುಬ್ಬು ಮೇಲೇರಿತು. ಖರ್ಜೂರ ತಿಂದೆವು, ಕಾಫಿ ಕುಡಿದೆವು, ಸಾಕೆಂದು ಬಟ್ಟಲು ಅಲ್ಲಾಡಿಸಿದೆವು. ಆಮೇಲೆ ನಿರ್ದೇಶಕಿ ಶುರು ಮಾಡಿದರು. ಅವರದು ಇಂಗ್ಲೆಂಡಿನ ಉತ್ತರದ ಒಂದು ಊರು. ಈ ವರ್ಷ ಮಳೆ ನಿಂತೇ ಇಲ್ಲ. ಅಕ್ಕನಿಗೆ ಮೊಣಕಾಲು ನೋವು, ಮೆಟ್ಟಿಲು ಹತ್ತಲಾಗುವುದಿಲ್ಲ. ಬರುವ ಮುಂಚಿನ ವಾರ ಪಕ್ಕದವರ ಕುರಿಗಳು ಬೇಲಿ ಮುರಿದು ತೋಟಕ್ಕೆ ನುಗ್ಗಿದವು. ಡ್ರೈವರ್ ಒಂದೊಂದನ್ನೂ ಅರಬ್ಬಿಗೆ ತಿರುಗಿಸುತ್ತಿದ್ದ. ಹಿರಿಯರು ಮುಂದಕ್ಕೆ ಬಾಗಿ ಕೇಳುತ್ತಿದ್ದರು.

"ಕುರಿಗಳು ಏನು ತಿಂದವು?"

"ನನ್ನ ಗುಲಾಬಿ ಗಿಡಗಳನ್ನೆಲ್ಲ."

"ನಿಮಗೆ ಬೇಸರವಾಯಿತೇ?"

"ಇಲ್ಲ. ನಾನು ಬೇಲಿ ಇನ್ನೂ ರಿಪೇರಿ ಮಾಡಿಸಿಲ್ಲ."

ಹಿರಿಯರು ತೊಡೆ ತಟ್ಟಿಕೊಂಡು ನಕ್ಕರು. ಮೀಟರ್ ಕೆಂಪಿಗೆ ಹಾರಿತು. ನಗು ಇಳಿದ ಮೇಲೆ ನಿರ್ದೇಶಕಿ ಉಳಿದದ್ದನ್ನೂ ಹೇಳಿದರು. ನಾನು ಬೇರೆಯವರ ಮಾತು ಕೇಳಿಸುವ ಚಿತ್ರ ಮಾಡುವವಳು. ಅಂಥ ಚಿತ್ರಗಳ ಕಾಲ ಮುಗಿಯಿತೆಂದು ನಮ್ಮೂರಿನವರು ಹೇಳುತ್ತಿದ್ದಾರೆ. ನಿಮ್ಮ ಅಣ್ಣನ ಕಥೆಯನ್ನು ಯಾರೋ ಹುಡುಗ ಬಂದು ಹೇಳುವುದಕ್ಕಿಂತ ನೀವು ಹೇಳಿದರೆ ಚೆನ್ನ ಎಂದು ನಾನು ಹಟ ಹಿಡಿದಿದ್ದೇನೆ. ಆಗದಿದ್ದರೆ ನನ್ನ ಕೆಲಸ ಇಲ್ಲಿಗೆ ಮುಗಿಯಿತು. "ಇದೇ ನನ್ನ ಸುದ್ದಿ" ಎಂದು ನಿಲ್ಲಿಸಿದರು.

ಹಿರಿಯರು ತಮ್ಮ ಕೋಲನ್ನು ಪಕ್ಕಕ್ಕಿಟ್ಟು ನೆಟ್ಟಗೆ ಕುಳಿತರು. "ಒಳ್ಳೆಯ ಸುದ್ದಿ ತಂದಿರಿ. ಇನ್ನು ನಮ್ಮದು ಕೇಳಿ" ಎಂದು ಆರಂಭಿಸಿದರು.

ನೀರು ಬತ್ತಿದ ವರ್ಷ ಜನ ಒಂಟೆಗಳ ಮೇಲೆ ಚಾಪೆ ಹೇರಿ ಊರು ಬಿಡುತ್ತಿದ್ದರಂತೆ. ಸುರಂಗ ಎಲ್ಲಿ ಕುಸಿದಿದೆ ಎಂದು ಯಾರಿಗೂ ಗೊತ್ತಿಲ್ಲ. ಒಬ್ಬರು ಇಲ್ಲಿ ಅಗೆಯಿರಿ ಎಂದರೆ ಇನ್ನೊಬ್ಬರು ಅಲ್ಲಿ ಎನ್ನುವರು, ಸುರಂಗಕ್ಕೆ ಇಳಿಯುವ ಬಾವಿಯ ಬಾಯಲ್ಲಿ ದಿನವೂ ಜಗಳ. ಅಣ್ಣ ಹಗ್ಗ ಕಟ್ಟಿಕೊಂಡು ಇಳಿದ, ತಮ್ಮ ದೀಪ ಹಿಡಿದು ಹಿಂದೆ. ಅಣ್ಣ ಒದ್ದೆಯಿಲ್ಲದ ಗೋಡೆಗೆ ಕಿವಿ ಇಟ್ಟ. ಮೇಲಿನವರ ಗಲಾಟೆಯಲ್ಲಿ ಏನೂ ಕೇಳಿಸಲಿಲ್ಲ. ಎಲ್ಲರೂ ಸುಮ್ಮನಿರಿ ಎಂದು ಕೆಳಗಿನಿಂದ ಕೂಗಿದ.

"ನಮ್ಮ ಊರು ಸುಮ್ಮನಾದದ್ದು ಆ ಒಂದು ಸಲ" ಎಂದರು ಹಿರಿಯರು. "ಹೆಂಗಸರು, ಮಕ್ಕಳು, ಜಗಳವಾಡುತ್ತಿದ್ದ ಮುದುಕರು, ಎಲ್ಲ. ಒಂಟೆಗಳೂ. ಅಣ್ಣ ನನ್ನ ತಲೆ ಹಿಡಿದು ಗೋಡೆಗೆ ಒತ್ತಿದ. ಕೇಳು ಎಂದ. ಆಚೆ ಕಡೆ ನೀರು ಹರಿಯುತ್ತಿತ್ತು."

ಅಷ್ಟು ಹೊತ್ತಿಗೆ ಕ್ಯಾಮೆರಾಮನ್ ಟೇಪು ಮುಗಿಯುತ್ತಿದೆ ಎಂದು ನನಗೆ ಕಣ್ಸನ್ನೆ ಮಾಡಿದ. ಹಿಂದೆಲ್ಲ ನಾವು ನಿಲ್ಲಿಸಿ ಎಂದು ಕೈ ಎತ್ತುತ್ತಿದ್ದೆವು. ನಾನು ಖಾಲಿ ಬಟ್ಟಲನ್ನು ಹಿರಿಯರ ಮುಂದೆ ಚಾಚಿದೆ. ಅವರು ಮಾತು ನಿಲ್ಲಿಸಿ ಕಾಫಿ ಬಗ್ಗಿಸಿದರು, ಅಷ್ಟರಲ್ಲಿ ಕ್ಯಾಮೆರಾಮನ್ ಟೇಪು ಬದಲಿಸಿದ. ಇಂಥ ತಾಂತ್ರಿಕ ನೈಪುಣ್ಯವನ್ನು ನನಗೆ ಯಾವ ತರಬೇತಿಯಲ್ಲೂ ಹೇಳಿಕೊಟ್ಟಿರಲಿಲ್ಲ.

ಅಲ್ಲೇ ಅಗೆದರಂತೆ. ಗೋಡೆ ಒಡೆದು ನೀರು ನುಗ್ಗಿತು. ಅಣ್ಣ ಗಡ್ಡದವರೆಗೆ ತೊಯ್ದು, ನಗುತ್ತ ಹಗ್ಗ ಹಿಡಿದು ಮೇಲೆ ಬಂದ. ಊರು ಬಿಟ್ಟು ಹೋಗುತ್ತಿದ್ದವರು ದಾರಿಯಲ್ಲಿ ಸುದ್ದಿ ಕೇಳಿ ಒಂಟೆ ತಿರುಗಿಸಿದರು. "ಅಣ್ಣ ಈಗಿಲ್ಲ. ಅವನ ಜೊತೆ ಕೆಳಗಿದ್ದವನು ನಾನೊಬ್ಬನೇ. ನಾನು ಹೋದ ಮೇಲೆ ಇದನ್ನು ಕೇಳಿದವರು ಇರುತ್ತಾರೆ, ಕಂಡವರು ಇರುವುದಿಲ್ಲ. ಅದಕ್ಕೇ ನೀವು ಯಾವಾಗ ಕೂತು ಮಾತಾಡುತ್ತೀರೋ ಎಂದು ಕಾಯುತ್ತಿದ್ದೆ" ಎಂದರು. ನಿರ್ದೇಶಕಿ ಕಣ್ಣೊರೆಸಿಕೊಂಡರು. ನನ್ನ ಹೆಡ್‌ಫೋನಿನೊಳಗೂ ಯಾರೋ ಮೂಗು ಎಳೆದ ಸದ್ದಾಯಿತು. ನೋಡಿದರೆ ಡ್ರೈವರ್.

ಎಲ್ಲ ಮುಗಿದ ಮೇಲೆ ನಾನು ಕೊನೆಯ ಆಸೆಯಿಂದ ಕೋಣೆಯ ನಿಶ್ಶಬ್ದಕ್ಕಾಗಿ ಒಂದು ನಿಮಿಷ ಬೇಡಿದೆ. ಹಿರಿಯರು ಬಹಳ ಪ್ರಯತ್ನಪಟ್ಟರು. ತುಟಿ ಬಿಗಿಹಿಡಿದರು, ಚಾವಣಿ ನೋಡಿದರು. ಕೊನೆಗೆ ತಡೆಯಲಾರದೆ, "ಹೇಗಿದ್ದೀರಿ?" ಎಂದರು. ಕೋಣೆಯೆಲ್ಲ ನಕ್ಕಿತು. ಆ ನಗುವಿನ ರೆಕಾರ್ಡಿಂಗ್ ಈಗಲೂ ನನ್ನ ಬಳಿ ಇದೆ.

ತಂಡ ಲಂಡನ್ನಿಗೆ ಹೋಯಿತು. ನಾನು ಮತ್ತೆ ಮದುವೆಯ ಸ್ಪೀಕರುಗಳಿಗೆ ಮರಳಿದೆ. ತಿಂಗಳುಗಳು ಕಳೆದವು, ಸುದ್ದಿಯಿಲ್ಲ. ಚಾನೆಲ್‌ನವರು ಚಿತ್ರ ನೋಡಿ ಕೈಬಿಟ್ಟರೇನೋ, ಆಕೆಯ ದನಿ ಹಾಕಿಸಿ ನಾವೇ ಕೆಡಿಸಿದೆವೇನೋ ಎಂದು ನನಗೆ ಒಳಗೊಳಗೇ ಕೊರೆಯುತ್ತಿತ್ತು. ಒಂದು ಶುಕ್ರವಾರ ಮನೆಯ ಫೋನ್ ರಿಂಗಾಯಿತು. ಅವರೇ.

"ಏನಾಯಿತು? ತಗೊಂಡರೇ?" ಎಂದು ನಾನು ಒಂದೇ ಉಸಿರಿಗೆ ಕೇಳಿದೆ.

"ಸುದ್ದಿ ಏನೂ ಇಲ್ಲ, ಎಲ್ಲ ಒಳ್ಳೆಯದೇ" ಎಂದರು ಆಕೆ, ಅರಬ್ಬಿಯಲ್ಲಿ.

ಆಮೇಲೆ ಶುರುವಾಯಿತು. ಮಳೆ ಈಗ ನಿಂತಿದೆ. ಅಕ್ಕನ ಮೊಣಕಾಲು ವಾಸಿ, ನಿನ್ನೆ ಮೆಟ್ಟಿಲು ಹತ್ತಿದಳು. ಕುರಿಗಳು ಇನ್ನೂ ಬರುತ್ತವೆ. ನನ್ನ ಮಗಳ ಪರೀಕ್ಷೆ ಹೇಗಾಯಿತು, ಹೆಂಡತಿ ಹೇಗಿದ್ದಾಳೆ, ರೊಟ್ಟಿಗೆ ಜೋಳದ ಹಿಟ್ಟು ಮಸ್ಕತ್‌ನಲ್ಲಿ ಸಿಗುತ್ತದೆಯೇ? ನಾನು ಒದ್ದಾಡುತ್ತ ಒಂದೊಂದಕ್ಕೂ ಉತ್ತರ ಕೊಟ್ಟೆ. ಹೆಂಡತಿ ಎದುರು ನಿಂತು ಕೈಸನ್ನೆಯಲ್ಲೇ ಏನಾತು, ಏನಾತು ಎಂದು ಕೇಳುತ್ತಿದ್ದಳು. ಎಲ್ಲ ಮುಗಿದ ಮೇಲೆ ಆಕೆ ನಿಧಾನವಾಗಿ ಹೇಳಿದರು:

"ಚಿತ್ರವನ್ನು ಇಡಿಯಾಗಿ ತೆಗೆದುಕೊಂಡರು. ನಿರೂಪಕ ಇಲ್ಲ. ಕುರಿಗಳ ಭಾಗ ಕತ್ತರಿಸಬೇಡಿ ಎಂದರು. ಇನ್ನೊಂದು ಚಿತ್ರ ಮಾಡಲು ಹೇಳಿದ್ದಾರೆ."

ನಾನು ಮನೆಯಲ್ಲಿ ಕುಣಿದದ್ದನ್ನು ಮಗಳು ಇವತ್ತಿಗೂ ನೆಂಟರೆದುರು ಅಭಿನಯಿಸಿ ತೋರಿಸುತ್ತಾಳೆ.

ಇದನ್ನು ಹಿರಿಯರಿಗೆ ಫೋನಿನಲ್ಲಿ ಹೇಳುವ ಮಾತೇ ಇರಲಿಲ್ಲ. ಡ್ರೈವರ್‌ನನ್ನು ಕರೆದುಕೊಂಡು, ಹೆಂಡತಿ ಮಗಳನ್ನೂ ಕೂರಿಸಿಕೊಂಡು ಹೊರಟೆ. ಹೆಂಡತಿ ನೇರ ಹೆಂಗಸರ ಕಡೆ ಹೋಗಿ, ಒಂದು ಪದ ಅರಬ್ಬಿ ಬಾರದಿದ್ದರೂ ಕೈ ಬಾಯಿ ತಿರುಗಿಸಿ ಮಾತಿಗಿಳಿದಳು. ನಾವು ಮಜ್ಲಿಸ್‌ನಲ್ಲಿ ಕೂತೆವು. ಸುದ್ದಿ ಏನು ಎಂದರು ಹಿರಿಯರು. ಏನೂ ಇಲ್ಲ ಎಂದೆ. ಖರ್ಜೂರ, ಕಾಫಿ. ನನ್ನ ಮುಖ ನೋಡಿಯೇ ಅವರಿಗೆ ಅರ್ಧ ಗೊತ್ತಾಗಿರಬೇಕು, ಆದರೂ ಅವಸರ ಮಾಡಲಿಲ್ಲ. ನಾನೂ ಮಳೆಯಿಂದ ಶುರು ಮಾಡಿದೆ, ದಾರಿಯನ್ನು ಹೇಳಿದೆ, ನಿರ್ದೇಶಕಿಯ ಅಕ್ಕನ ಮೊಣಕಾಲು ಹೇಳಿದೆ, ಕುರಿಗಳನ್ನು ಹೇಳಿದೆ. ಕೊನೆಗೆ ಹೇಳಿದೆ: ನಿಮ್ಮ ಅಣ್ಣನ ಕಥೆಯನ್ನು ಅವರ ದೇಶದ ಜನ ನೋಡುತ್ತಾರೆ, ನಿಮ್ಮ ಬಾಯಿಂದಲೇ ಕೇಳುತ್ತಾರೆ, ಒಂದು ಮಾತೂ ಬಿಟ್ಟಿಲ್ಲ.

ಹಿರಿಯರು ಕಾಫಿಯ ಪಾತ್ರೆ ಕೆಳಗಿಟ್ಟರು. ಏನೂ ಹೇಳಲಿಲ್ಲ. ಹೇಗಿದ್ದೀರಿ ಎನ್ನಲಿಲ್ಲ, ಸುದ್ದಿ ಏನು ಎನ್ನಲಿಲ್ಲ. ಕಣ್ಣು ಮುಚ್ಚಿ, ತಲೆಯನ್ನು ಹಿಂದಿನ ಗೋಡೆಗೆ ಆನಿಸಿ ಕುಳಿತುಬಿಟ್ಟರು. ಡ್ರೈವರ್ ಏನೋ ಹೇಳಲು ಹೋದ, ನಾನು ಅವನ ಮೊಣಕೈ ಹಿಡಿದೆ. ಒಂದು ನಿಮಿಷ ಖಂಡಿತ ದಾಟಿತ್ತು. ತೆರೆದ ಕಿಟಕಿಯಾಚೆ, ತೋಟದ ಗೋಡೆಯ ಬುಡದಲ್ಲಿ, ಫಲಜ್‌ನ ನೀರು ಹರಿಯುವುದು ಒಳಗೆ ಕೂತವರಿಗೆ ಸ್ಪಷ್ಟವಾಗಿ ಕೇಳಿಸಿತು. ಚಿತ್ರೀಕರಣದಲ್ಲಿ ಅದೇ ಕೋಣೆಯಲ್ಲಿ ಅಷ್ಟು ಹೊತ್ತು ಹೆಡ್‌ಫೋನ್ ಹಾಕಿಕೊಂಡು ಕೂತಿದ್ದರೂ ಆ ಸದ್ದು ಅಲ್ಲಿಗೆ ಬರುತ್ತದೆಂದು ನನಗೆ ಗೊತ್ತಿರಲಿಲ್ಲ. ರೆಕಾರ್ಡರ್ ಅಲ್ ಖೌದ್‌ನ ಮನೆಯಲ್ಲಿತ್ತು. ನಾನೂ ತಲೆಯನ್ನು ಗೋಡೆಗೆ ಆನಿಸಿಕೊಂಡೆ.